ದಾದಿಯರ ಸೆರೆವಾಸದ ದಿನಚರಿ ರಂಗಕ್ಕೆ: ಬಲ್ಲವರು ಹೇಳುವಿರಾ?

ಮೈಸೂರಿನಿಂದ ಪ್ರಶ್ನೆ:
ಆಸ್ಟ್ರೇಲಿಯಾದ ಸೇನಾ ದಾದಿ ಬೆಟ್ಟಿ ಜೆಫ್ರಿ ಅವರ ‘ವೈಟ್ ಕೂಲೀಸ್’ ಓದಿ ಮುಗಿಸಿದೆ. 1942ರಿಂದ ಮೂರೂವರೆ ವರ್ಷ ಸುಮಾತ್ರದ ಜಪಾನಿ ಶಿಬಿರಗಳಲ್ಲಿ ಕದ್ದುಮುಚ್ಚಿ ಬರೆದ ದಿನಚರಿ 1954ರಲ್ಲಿ ಪುಸ್ತಕವಾಯಿತು. ನಮ್ಮ ಹವ್ಯಾಸಿ ತಂಡದಲ್ಲಿ ಆರು ಹೆಂಗಸರಿದ್ದೇವೆ. ಇದೇ ವಸ್ತುವಿನ ಮೇಲೆ ಒಂದು ಗಂಟೆಯ ರಂಗವಾಚನ ಕಟ್ಟುವ ಆಸೆ. ಇದರ ಸಿನಿಮಾ, ನಾಟಕಗಳನ್ನು ಬಲ್ಲವರು, ಇಂಥದ್ದನ್ನು ಆಡಿಸಿದವರು ದಾರಿ ತೋರಿಸಿ.

ಧಾರವಾಡದಿಂದ:
ಮೇಡಂ, 1997ರ ‘ಪ್ಯಾರಡೈಸ್ ರೋಡ್’ ಸಿನಿಮಾಕ್ಕೆ ಈ ಪುಸ್ತಕವೂ ಆಧಾರ. ನೋಡಿ, ಆದರೆ ಅದನ್ನು ಅನುಕರಿಸಬೇಡಿ. ಹೆಸರುಗಳು ಬದಲಾಗಿವೆ, ಕ್ರೌರ್ಯ ಕಣ್ಣಿಗೆ ರಾಚುತ್ತದೆ. ನನ್ನನ್ನು ಹಿಡಿದು ಕೂರಿಸಿದ್ದು ಅದರ ಹಾಡು. ಸೆರೆಯಲ್ಲಿದ್ದ ಮಿಷನರಿ ಮಾರ್ಗರೆಟ್ ಡ್ರೈಬರ್ಗ್ ವಾದ್ಯವೃಂದದ ಕೃತಿಗಳನ್ನು ನೆನಪಿನಿಂದಲೇ ಬರೆದುಕೊಟ್ಟರು, ಜೊತೆಯ ಕೈದಿ ನೋರಾ ಚೇಂಬರ್ಸ್ ಅವನ್ನು ಹಾಡಲು ಹೆಂಗಸರಿಗೆ ಕಲಿಸಿದರು. 1943ರ ಡಿಸೆಂಬರ್ 27ರಂದು ಮೊದಲ ಕಛೇರಿ. ಸಂಗೀತ ರಚನಕಾರ ಡ್ವೊರಾಕ್‌ನ ವಾದ್ಯವೃಂದ ಕೃತಿ ‘ನ್ಯೂ ವರ್ಲ್ಡ್’ ಸಿಂಫನಿಯ ನಿಧಾನಗತಿಯ ಭಾಗ ಅದರಲ್ಲಿತ್ತು. ಸಾಹಿತ್ಯವಿಲ್ಲ, ಕಂಠವೇ ಪಿಟೀಲು. ಆ ಸ್ವರಲಿಪಿಗಳು ಉಳಿದು ಬಂದದ್ದರಿಂದ ಸಿನಿಮಾದಲ್ಲಿ ನಾವು ಕೇಳುವುದು ಅದೇ ಸಂಗೀತ. 1945ರ ಹೊತ್ತಿಗೆ ಹಾಡುವವರಲ್ಲಿ ಅರ್ಧದಷ್ಟು ಮಂದಿ ಹಸಿವಿಗೂ ಜ್ವರಕ್ಕೂ ಬಲಿಯಾಗಿ ಮೇಳವೇ ನಿಂತುಹೋಯಿತು. ಡ್ರೈಬರ್ಗ್ ಕೂಡ ಆ ವರ್ಷ ಏಪ್ರಿಲ್‌ನಲ್ಲಿ ತೀರಿಕೊಂಡರು.

ನಾವೊಮ್ಮೆ ಜೈಲಿನ ಕಥೆ ಆಡಿದಾಗ ಧ್ವನಿಮುದ್ರಿಕೆ ಹಾಕಿ ಕೆಟ್ಟೆವು. ಸ್ಪೀಕರ್‌ನಿಂದ ಸಂಗೀತ ಹೊರಟ ಕೂಡಲೇ ನಟರು ಬೊಂಬೆಗಳಾಗಿಬಿಟ್ಟರು. ನಿಮ್ಮ ಆರು ಜನರೇ ತುಟಿ ಮುಚ್ಚಿ ಗುನುಗಲಿ. ವಾಚನ ಮುಂದುವರಿದಂತೆ ಒಂದೊಂದೇ ದನಿ ನಿಲ್ಲಲಿ. ಸಾವುಗಳನ್ನು ಬೇರೆಯಾಗಿ ಹೇಳಬೇಕಾಗಿಲ್ಲ.

ಮೆಲ್ಬರ್ನ್‌ನಿಂದ:
ಜಾನ್ ಮಿಸ್ಟೊ ಅವರ ‘ದಿ ಶೂ-ಹಾರ್ನ್ ಸೊನಾಟಾ’ (1995) ಓದಿ. ಪುಸ್ತಕದ ರೂಪಾಂತರವಲ್ಲ, ಅದೇ ಶಿಬಿರಗಳ ನೆನಪಿನಿಂದ ಹುಟ್ಟಿದ ನಾಟಕ. ಐವತ್ತು ವರ್ಷಗಳ ನಂತರ ಟಿವಿ ಸಂದರ್ಶನಕ್ಕೆಂದು ಮತ್ತೆ ಭೇಟಿಯಾಗುವ ಇಬ್ಬರು ಮುದುಕಿಯರು, ಹಿಂದೆ ಪರದೆಯ ಮೇಲೆ ಹಳೆಯ ಚಿತ್ರಗಳು, ಅಷ್ಟೇ. ಕ್ಯಾಮೆರಾ ಮುಂದೆ ಒಂದು ಮಾತು, ಹೋಟೆಲ್ ಕೋಣೆಯಲ್ಲಿ ಇನ್ನೊಂದು. ಅವರ ನಡುವಿನ ಗುಟ್ಟನ್ನು ನಾನು ಇಲ್ಲಿ ಹೇಳುವುದಿಲ್ಲ. ಶಿಬಿರವನ್ನು ರಂಗದ ಮೇಲೆ ಕಟ್ಟದೆಯೂ ತೋರಿಸಬಹುದು ಎಂಬುದು ನನಗೆ ಅಲ್ಲಿಯೇ ಮನದಟ್ಟಾದದ್ದು. ಒಂದು ಎಚ್ಚರಿಕೆ: ಪುಸ್ತಕಕ್ಕಾಗಲಿ ನಾಟಕಕ್ಕಾಗಲಿ ಹಕ್ಕುದಾರರ ಅನುಮತಿ ಬೇಕು, ಅನುವಾದಕ್ಕೂ ಬೇಕು. ತಾಲೀಮಿಗೆ ಮೊದಲೇ ಪತ್ರ ಬರೆಯಿರಿ.

ಮಂಗಳೂರಿನಿಂದ:
ನಾನು ಮೂವತ್ತು ವರ್ಷ ದಾದಿಯಾಗಿದ್ದವಳು. ಜೆಫ್ರಿ ಜೊತೆ ಸೆರೆಯಲ್ಲಿದ್ದ ದಾದಿ ವಿವಿಯನ್ ಬುಲ್‌ವಿಂಕಲ್ ಅವರನ್ನು ಬಿಡಬೇಡಿ ತಂಗಿ. 1942ರ ಫೆಬ್ರವರಿ 16ರಂದು ಸುಮಾತ್ರದ ಪಕ್ಕದ ಬಂಕಾ ದ್ವೀಪದ ಕಡಲತೀರದಲ್ಲಿ ಜಪಾನಿ ಸೈನಿಕರು 22 ದಾದಿಯರನ್ನು ನೀರಿಗಿಳಿಸಿ ಬೆನ್ನಿಗೆ ಗುಂಡು ಹಾರಿಸಿದರು. ಆ ದಾದಿಯರಲ್ಲಿ ಬದುಕಿದವರು ವಿವಿಯನ್ ಒಬ್ಬರೇ. ಮುಂದೆ ಶರಣಾಗಲು ಹೋದಾಗ ಸಮವಸ್ತ್ರದ ಗುಂಡಿನ ತೂತು ಕಾಣದಂತೆ ನೀರಿನ ಸೀಸೆಯನ್ನು ಅಡ್ಡ ಹಿಡಿದಿದ್ದರು. ನಡೆದದ್ದನ್ನು ಕಂಡವರು ಬದುಕಿದ್ದಾರೆಂದು ತಿಳಿದರೆ ಕೊಲ್ಲುತ್ತಾರೆಂದು ಜೊತೆಯ ದಾದಿಯರೆಲ್ಲ ಯುದ್ಧ ಮುಗಿಯುವ ತನಕ ಬಾಯಿ ಬಿಡಲಿಲ್ಲ.

ಆ ಸೀಸೆಯನ್ನು ಒಬ್ಬಾಕೆ ವಾಚನದುದ್ದಕ್ಕೂ ಸೊಂಟಕ್ಕೆ ಒತ್ತಿ ಹಿಡಿದಿರಲಿ. ಕಾರಣ ಕೊನೆಯಲ್ಲಿ ತಿಳಿಯಲಿ. ನೋವಿರುವವರು ಗಾಯವನ್ನು ಬಿಗಿಯಾಗಿ ಹಿಡಿಯುವುದಿಲ್ಲ, ಅಂಗೈಯನ್ನು ಹಗುರವಾಗಿ ಆನಿಸಿರುತ್ತಾರೆ. ಹಾಗೆಯೇ ಅಭ್ಯಾಸ ಮಾಡಿಸಿ.