ಮಗಳು ಮಜ್ಜಿಗೆ ಕೊಟ್ಟು ಟಿಬೆಟಿಯನ್ ಉಪ್ಪು ಟೀ ಕುಡ್ಕೊಂಡು ಬರ್ತಿದಾಳೆ, ಏನ್ ಮಾಡ್ಲಿ?

ಕುಶಾಲನಗರಕ್ಕೆ_ಹೊಸಬಳು:

ಎಲ್ರಿಗೂ ನಮಸ್ಕಾರ. ನಾವು ಈ ಜೂನಲ್ಲಿ ತುಮಕೂರಿಂದ ಕುಶಾಲನಗರಕ್ಕೆ ಬಂದ್ವಿ, ಯಜಮಾನ್ರಿಗೆ ಟ್ರಾನ್ಸ್‌ಫರ್ ಆಯ್ತು. ಮಗಳು ಮೂರನೇ ಕ್ಲಾಸು, ಮೊದಲ ತಿಂಗಳು ಯಾರೂ ನನ್ನ ಹತ್ರ ಕೂರಲ್ಲ ಅಂತ ದಿನಾ ಬೆಳಗ್ಗೆ ಶೂ ಹಾಕೋವಾಗ ಅಳು, ಜುಲೈ ಬಂದ್ಮೇಲೆ ಇದ್ದಕ್ಕಿದ್ದ ಹಾಗೆ ಅಳು ನಿಂತೋಯ್ತು, ನಾನೂ ಸದ್ಯ ಅಂತ ಸುಮ್ನಾದೆ. ಆಮೇಲೆ ನೋಡಿದ್ರೆ ಅವಳ ಮಜ್ಜಿಗೆ ಬಾಟಲಿ ಮುಚ್ಚಳ ಎಷ್ಟು ತೊಳೆದ್ರೂ ಜಿಡ್ಡು. ಮಜ್ಜಿಗೆಗೆ ಎಲ್ಲಿಂದ ಜಿಡ್ಡು ಬರುತ್ತೆ ಹೇಳಿ, ನಾನು ಒಗ್ಗರಣೆಗೆ ಹಾಕೋದೇ ಅರ್ಧ ಚಮಚ ಎಣ್ಣೆ. ಕೂರಿಸಿ ಕೇಳಿದ್ಮೇಲೆ ಬಾಯಿ ಬಿಟ್ಲು. ಬೈಲುಕುಪ್ಪೆಯ ಟಿಬೆಟಿಯನ್ ನಿರಾಶ್ರಿತರ ಕ್ಯಾಂಪಿಂದ ವ್ಯಾನಲ್ಲಿ ಬರೋ ಒಂದು ಟಿಬೆಟಿಯನ್ ಹುಡುಗಿ ಚಿಕ್ಕ ಫ್ಲಾಸ್ಕಲ್ಲಿ ಬೆಣ್ಣೆ ಹಾಕಿದ ಉಪ್ಪು ಟೀ ತರ್ತಾಳಂತೆ. ಜೋರು ಮಳೆ ಬಂದ ಒಂದಿನ ಇವಳು ನಡುಗ್ತಾ ಕೂತಿದ್ದಾಗ ಆ ಮಗು ಇವಳ ಮುಚ್ಚಳಕ್ಕೆ ಬಗ್ಗಿಸಿ ಕೊಟ್ಟಿದೆ, ಇವಳು ಬದಲಿಗೆ ಮಜ್ಜಿಗೆ ಕೊಟ್ಟಿದಾಳೆ, ಅವತ್ತಿಂದ ಇದೇ ನಡೀತಿದೆ.

ನಂಗೆ ಖುಷಿನೇ. ಆದ್ರೆ ನಾವು ಮಾಂಸ ತಿನ್ನಲ್ಲ, ಆ ಟೀಲಿ ಏನೇನಿರುತ್ತೆ ಗೊತ್ತಿಲ್ಲ, ಎಂಟು ವರ್ಷದ ಮಗುಗೆ ಕೊಡಬಹುದಾ? ಇನ್ನೊಂದು, ಅತ್ತೆಯವರು ಫ್ರೆಂಡ್ಸ್ ಆಗಲಿ ಬೇಡ ಅನ್ನಲ್ಲ ಆದ್ರೆ ಎಂಜಲು ಯಾಕೆ ಅಂತ ಎರಡು ದಿನದಿಂದ ಮುಖ ಗಂಟು ಹಾಕ್ಕೊಂಡಿದಾರೆ. ಇಲ್ಲಿಯವರು ಯಾರಾದ್ರೂ ಇದ್ರೆ ಹೇಳಿ.

ಹೊಗೆಸೊಪ್ಪಿನ_ಸೀಮೆಯವ:

ಮೇಡಂ ನಮ್ದು ಪಿರಿಯಾಪಟ್ಟಣ ತಾಲ್ಲೂಕೇ, ನಮ್ಮ ಹೊಲ ಕ್ಯಾಂಪಿಗೆ ಅಂಟ್ಕೊಂಡಂಗೆ ಇತ್ತು. ಮಾಂಸ ಗೀಂಸ ಏನೂ ಇಲ್ಲ, ಧೈರ್ಯವಾಗಿರಿ. ಇಟ್ಟಿಗೆ ಥರ ಒತ್ತಿದ ಟೀಪುಡಿನ ಕಪ್ಪಗಾಗೋವರೆಗೂ ಕುದಿಸಿ, ಉಪ್ಪು, ಚಿಟಿಕೆ ಸೋಡಾ, ಬೆಣ್ಣೆ, ಕೆಲವರು ಹಾಲೂ ಹಾಕಿ ಚೆನ್ನಾಗಿ ಕಡೀತಾರೆ, ಅಷ್ಟೇ. ನಾನು ಚಿಕ್ಕವನಿದ್ದಾಗ ಎದೆಮಟ್ಟದ ಮರದ ಕೊಳವೆ ಇರ್ತಿತ್ತು, ದೊಂಗ್ಮೋ ಅಂತಾರೆ, ಅದ್ರೊಳಗೆ ಕೋಲು ಮೇಲೆ ಕೆಳಗೆ ಎಳೀತಾ ಇದ್ರೆ ಗಸಕ್ ಗಸಕ್ ಅಂತ ಬೇಲಿ ಆಚೆಗೂ ಕೇಳೋದು. ಈಗೆಲ್ಲ ಮಿಕ್ಸಿ. ಅವರ ಊರಲ್ಲಿ ಯಾಕ್ ಜಾತಿ ದನದ ಬೆಣ್ಣೆ, ಇಲ್ಲಿ ನಂದಿನಿ.

ಅಪ್ಪ ಅವರ ಮುಸುಕಿನ ಜೋಳದ ಹೊಲಕ್ಕೆ ಕೆಲಸಕ್ಕೆ ಹೋಗ್ತಿದ್ರು, ನಾನು ರಜೆಯಲ್ಲಿ ಹಿಂದೆ ಹೋಗ್ತಿದ್ದೆ. ಮೊದಲ ಸಲ ಅವರಜ್ಜಿ ಬಟ್ಟಲಲ್ಲಿ ಕೊಟ್ಟಾಗ ಟೀ ಅಂದ್ಕೊಂಡು ದೊಡ್ಡ ಗುಟುಕು ತಗೊಂಡೆ ನೋಡಿ, ಬಾಯಿ ತುಂಬ ಉಪ್ಪು, ಉಗುಳೋಕೆ ಆಗಲ್ಲ ಎದುರಿಗೇ ಕೂತಿದಾರೆ, ಬೇಗ ಮುಗಿಸಿ ಎದ್ದೋಗೋಣ ಅಂತ ಕಣ್ಮುಚ್ಚಿ ಖಾಲಿ ಮಾಡಿದೆ. ತಕ್ಷಣ ತುಂಬಿಸಿದ್ರು. ಮತ್ತೆ ಖಾಲಿ ಮಾಡಿದೆ, ಮತ್ತೆ ತುಂಬಿಸಿದ್ರು. ನಾಲ್ಕು ಬಟ್ಟಲು ಆದ್ಮೇಲೆ ಆ ಮನೆ ಹುಡುಗ, ನನ್ನ ವಯಸ್ಸಿನವನೇ, ಬಿದ್ದು ಬಿದ್ದು ನಗ್ತಾ ಕನ್ನಡದಲ್ಲೇ ಹೇಳ್ದ, ಲೋ ಖಾಲಿ ಮಾಡಬೇಡ ಕಣೋ, ಖಾಲಿ ಮಾಡಿದ್ರೆ ಇನ್ನೂ ಬೇಕು ಅಂತ ಅರ್ಥ, ತುಂಬಿದ ಬಟ್ಟಲು ಮುಂದೆ ಇಟ್ಕೊಂಡು ಕೂತಿರು, ಹೋಗೋವಾಗ ಕುಡಿ. ಮಾರನೇ ದಿನ ನಮ್ಮನೆ ರಾಗಿ ಅಂಬಲಿ ತಗೊಂಡೋಗಿ ಅವನಿಗೆ ಸೇಡು ತೀರಿಸ್ಕೊಂಡೆ, ಆದ್ರೆ ಅವನು ಇನ್ನೂ ಇದ್ಯಾ ಅಂತ ಕೇಳ್ದ. ಅವನು ಈಗ್ಲೂ ಫೋನ್ ಮಾಡ್ತಾನೆ.

ನೈಟ್‌ಡ್ಯೂಟಿ_ಸಿಸ್ಟರ್:

ನರ್ಸ್ ಆಗಿ ಹೇಳ್ತೀನಿ, ಒಂದೆರಡು ಮುಚ್ಚಳದಿಂದ ಏನೂ ಆಗಲ್ಲ. ಬೆಣ್ಣೆ ಹಾಕಿದ್ರೂ ಉಪ್ಪು ಹಾಕಿದ್ರೂ ಟೀ ಟೀನೇ, ಚಿಕ್ಕ ಮಕ್ಕಳಿಗೆ ದಿನಾ ಜಾಸ್ತಿ ಬೇಡ, ಅದು ನಮ್ಮನೆ ಸಕ್ಕರೆ ಟೀಗೂ ಅನ್ವಯ. ಕೆಮ್ಮು ನೆಗಡಿ ಇದ್ದಾಗ ಬಾಟಲಿ ಹಂಚ್ಕೋಬೇಡಿ ಅಂತ ಇಬ್ಬರಿಗೂ ಹೇಳಿ. ಅತ್ತೆಯವರು ಹೇಳೋದ್ರಲ್ಲಿ ಅಷ್ಟು ಮಾತ್ರ ಸರಿ ಇದೆ.

ಮುಂಡಗೋಡ_ಕಾಕಾ:

ಅಕ್ಕಾರ, ನಮ್ಮ ಕಡೆ ಮುಂಡಗೋಡದಾಗೂ ಕ್ಯಾಂಪ್ ಐತ್ರಿ, 1966ರಾಗ ಆಗಿದ್ದು. ನನ್ನ ದೋಸ್ತನ ಅಪ್ಪ ಅವ್ವ ಚಳಿಗಾಲ ಬಂತಂದ್ರ ಸ್ವೆಟರ್ ಮಾರಾಕ ಊರೂರು ಹೋಗಾವ್ರು, ಈಗೂ ನೋಡಿರ್ತೀರಿ ಫುಟ್‌ಪಾತಿನ್ಯಾಗ. ಅಷ್ಟು ದಿನ ಹುಡುಗ ಅಜ್ಜಿ ಹಂತೇಕ ಇರಾಂವ, ಸಂಜಿಕ ಬ್ಯಾಸರಾಗಿ ನಮ್ಮ ಅಂಗಳಕ್ಕ ಬರಾಂವ. ಇಬ್ಬರಿಗೂ ಕೂಡಿ ಒಂದ ಗೋಲಿ ಸೋಡಾಕ್ಕ ಆಗೂವಷ್ಟ ರೊಕ್ಕ. ಅವ ಒಂದ ಗುಟುಕು, ನಾ ಒಂದ ಗುಟುಕು, ಯಾರ ಬಾಯಾಗ ದೊಡ್ಡ ಗುಟುಕು ಹೋತು ಅಂತ ದಿನಾ ಜಗಳ ಆಕ್ಕಿತ್ತ ಹೊರತು ಎಂಜಲದ ನೆನಪ ಬರ್ತಿರಲಿಲ್ರಿ. ಆಮ್ಯಾಲ ಇನ್ನೊಂದು, ನಾವು ಚಾ ಅಂತೀವಿ, ಅವರೂ ಚಾ ಅಂತಾರ. ತುಮಕೂರಿನವರ ಅಷ್ಟ ಟೀ ಅನ್ನೂದು 😄

ಬೈಲುಕುಪ್ಪೆ_ಹುಡುಗ:

ನಾನು ಟಿಬೆಟಿಯನ್, ಹುಟ್ಟಿದ್ದು ಬೆಳೆದಿದ್ದು ಕ್ಯಾಂಪಲ್ಲೇ, ಈಗ ಬೆಂಗಳೂರಲ್ಲಿ ಕೆಲಸ. ಮಾತಾಡೋದು ಸಲೀಸು, ಟೈಪ್ ಮಾಡೋದ್ರಲ್ಲಿ ತಪ್ಪಿದ್ರೆ ಹೊಟ್ಟೆಗೆ ಹಾಕ್ಕೊಳ್ಳಿ. ನಮ್ಮಜ್ಜ 1960ರ ಸುಮಾರಿಗೆ ಬಂದಾಗ ಇಲ್ಲಿ ಬರೀ ಕಾಡಂತೆ, ಸರ್ಕಾರ ಕೊಟ್ಟಿದ್ದು ಸುಮಾರು 3000 ಎಕರೆ, ಮರ ಕಡಿದು ಸುಡೋದು, ರಾತ್ರಿ ಆನೆ ಬಂದ್ರೆ ತಗಡು ಬಡಿಯೋದು. ಆ ಸೆಖೆಯಲ್ಲೂ ಬೆಣ್ಣೆ ಟೀ ಬಿಟ್ಟಿಲ್ಲ ಮನುಷ್ಯ. ನಿಜ ಹೇಳ್ಬೇಕಂದ್ರೆ ನಮ್ಮ ವಯಸ್ಸಿನವ್ರು ಸಕ್ಕರೆ ಹಾಕಿದ ಚಾ ಙಾರ್ಮೋನೇ ಜಾಸ್ತಿ ಕುಡಿಯೋದು, ಸ್ಕೂಲಿಗೆ ಪೋ ಚಾ, ಅಂದ್ರೆ ಈ ಬೆಣ್ಣೆ ಟೀ, ತರೋ ಮಗು ಅಂದ್ರೆ ಮನೇಲಿ ಗಟ್ಟಿ ಅಜ್ಜಿ ಇದಾರೆ ಅಂತ ಅರ್ಥ.

ಎಂಜಲಿನ ಬಗ್ಗೆ. ನಮ್ಮ ಹಳಬರಿಗೂ ಇದೆ ಆಂಟಿ! ಮನೇಲಿ ಒಬ್ಬೊಬ್ಬರಿಗೆ ಒಂದೊಂದು ಮರದ ಬಟ್ಟಲು, ನನ್ನದನ್ನ ನೀನು ಮುಟ್ಟಂಗಿಲ್ಲ. ಹಿಂದೆ ಬಟ್ಟಲನ್ನ ಅಂಗಿ ಮಡಿಕೆಯೊಳಗೆ ಇಟ್ಕೊಂಡೇ ಊರೂರು ತಿರುಗ್ತಿದ್ರಂತೆ, ಯಾರ ಮನೆಗೆ ಹೋದ್ರೂ ತಮ್ಮದೇ ತೆಗೀತಿದ್ರು. ನಿಮ್ಮ ಅತ್ತೆಯವರು ನಮ್ಮಜ್ಜನ ಜೊತೆ ಆರಾಮಾಗಿ ಇರ್ತಿದ್ರು. ನಂಗೆ ಕಷ್ಟ ಆಗಿದ್ದು ನಿಮ್ಮ ಎತ್ತಿ ಕುಡಿಯೋದು. ಫ್ರೆಂಡ್ ಮನೇಲಿ ಚೊಂಬು ಕೊಟ್ರು, ಎಲ್ರೂ ತುಟಿಗೆ ತಾಗಿಸದೇ ಕುಡಿದ್ರು, ನಾನೂ ಎತ್ತಿದೆ, ಮೂಗಿಗೆ, ಕಿವಿಗೆ, ಅಂಗಿ ಒಳಗೆ, ಬಾಯಿಗೆ ಬಿಟ್ಟು ಎಲ್ಲಾ ಕಡೆ ಹೋಯ್ತು. ಮಜ್ಜಿಗೆ ನಮಗೆ ಹೊಸದಲ್ಲ, ತಾರಾ ಅಂತೀವಿ, ಆದ್ರೆ ಅದ್ರಲ್ಲಿ ಎಲೆ ತೇಲ್ತಿರಲ್ಲ. ನಾನು ಮೊದಲ ಸಲ ಕರಿಬೇವು ನೋಡಿ ಮರದಿಂದ ಬಿದ್ದಿದೆ ಅಂತ ಪಾಪ ಅವರ ಅಮ್ಮಂಗೆ ಹೇಳಿದ್ದೆ.

ಸುಮ್ನೆ_ಓದ್ತೀನಿ:

ಅದೆಲ್ಲ ಇರ್ಲಿ, ಮಕ್ಕಳ ಕೈಗೆ ಬಿಸಿ ಟೀ ಫ್ಲಾಸ್ಕ್ ಕೊಡೋಕೆ ಸ್ಕೂಲಲ್ಲಿ ಬಿಡ್ತಾರಾ?

ಕುಶಾಲನಗರಕ್ಕೆ_ಹೊಸಬಳು:

@ಸುಮ್ನೆ_ಓದ್ತೀನಿ ಇಲ್ಲಿ ಮಳೆಗಾಲ ನೋಡಿಲ್ಲ ನೀವು, ಬಿಡ್ತಾರೆ. ಸ್ಟೀಲ್ ಫ್ಲಾಸ್ಕ್, ಮಧ್ಯಾಹ್ನಕ್ಕೆ ಉಗುರುಬೆಚ್ಚಗೆ ಆಗಿರುತ್ತಂತೆ.

ಎಲ್ರಿಗೂ ಥ್ಯಾಂಕ್ಸ್. ಬಟ್ಟಲಿನ ವಿಷ್ಯ ಅತ್ತೆಗೆ ಜೋರಾಗಿ ಓದಿ ಹೇಳ್ದೆ. ಏನೂ ಮಾತಾಡ್ಲಿಲ್ಲ, ಸಂಜೆ ಅಟ್ಟದಿಂದ ಎರಡು ಸ್ಟೀಲ್ ಲೋಟ ಇಳಿಸಿ ಹುಣಸೆಹಣ್ಣು ಹಾಕಿ ತಿಕ್ಕಿ ಇಟ್ಟಿದಾರೆ, ನಮ್ಮ ನಾದಿನಿ ಚಿಕ್ಕವಳಿದ್ದಾಗಿನವು, ಒಂದಕ್ಕೆ ತಳದಲ್ಲಿ ಹೆಸರು ಕೊರೆಸಿದೆ. ಹೆಸರಿರೋದು ನಂಗೆ ಬೇಕು ಅಂತ ಮಗಳು, ಅದು ಅವಳಿಗೆ ಕೊಡು ಗುರುತು ಸಿಗುತ್ತೆ ಅಂತ ಅತ್ತೆ, ಇನ್ನೂ ತೀರ್ಮಾನ ಆಗಿಲ್ಲ. ಕರಿಬೇವಿನ ಬಗ್ಗೆ ಕೇಳಿದ್ರೆ ಆ ಹುಡುಗಿ ಎಲೆ ತೆಗ್ದು ಸಾಲಾಗಿ ಡೆಸ್ಕ್ ಮೇಲೆ ಜೋಡಿಸ್ತಾಳಂತೆ. ನಾಳೆಯಿಂದ ಸೋಸಿ ಕಳಿಸ್ತೀನಿ.

ನಾನೂ ಮಿಕ್ಸಿಲಿ ಒಂದ್ಸಲ ಟ್ರೈ ಮಾಡಿದೆ. ಮುಚ್ಚಳ ಹಾರಿ ಸೀಲಿಂಗೆಲ್ಲ ಟೀ. ಬಿಸಿಯಿದ್ದಾಗ್ಲೇ ಹಾಕಬಾರದಾ ಹೇಗೆ?

ಹೊಗೆಸೊಪ್ಪಿನ_ಸೀಮೆಯವ:

ಅರ್ಧ ಜಾರಿಗಿಂತ ಜಾಸ್ತಿ ಹಾಕ್ಬೇಡಿ ಮೇಡಂ, ಸ್ವಲ್ಪ ಆರಿಸಿ ತಿರುಗಿಸಿ, ಆಮೇಲೆ ಬೇಕಾದ್ರೆ ಒಂಚೂರು ಬಿಸಿ ಮಾಡ್ಕೊಳ್ಳಿ.