ಪದಚರ್ಚೆ: ಸೆಪ್ಟಿಕ್ ಟ್ಯಾಂಕ್, ಸೋಕ್ ಪಿಟ್ ಎರಡಕ್ಕೂ ಬೇರೆಬೇರೆ ಪದ ಬೇಕು (ತುರ್ತು)

ತಿಪಟೂರಿನಿಂದ:

ಎಲ್ಲರಿಗೂ ನಮಸ್ಕಾರ. ನಮ್ಮೂರ ಶಾಲೆಯ ಹಿಂದೆ ಪಂಚಾಯ್ತಿಯವರು ಹೊಸ ಶೌಚಾಲಯ ಕಟ್ಟಿಸಿದ್ದಾರೆ. ಪಕ್ಕದಲ್ಲಿ ನೆಲದೊಳಗೆ ಎರಡು ಕಟ್ಟಡಗಳಿವೆ. ಒಂದು ಸೆಪ್ಟಿಕ್ ಟ್ಯಾಂಕ್: ಒಳಗೆಲ್ಲ ಗಾರೆ ಮಾಡಿದ್ದು, ನೀರು ಸೋರಲ್ಲ, ನಡುವೆ ಅಡ್ಡಗೋಡೆ ಇದೆ. ಇನ್ನೊಂದು ಅದರಿಂದ ಹೊರಬಿದ್ದ ನೀರನ್ನು ಮಣ್ಣಿಗೆ ಬಿಡುವ ಸೋಕ್ ಪಿಟ್: ಸಿಮೆಂಟ್ ರಿಂಗ್ ಇಳಿಸಿ ಸುತ್ತ ಜಲ್ಲಿ ತುಂಬಿದ್ದಾರೆ. ಎರಡರ ಮುಚ್ಚಳದ ಮೇಲೂ ಹೆಸರು ಬರೆಸಬೇಕು, ಗೋಡೆ ಮೇಲೆ ಒಂದು ಎಚ್ಚರಿಕೆಯ ಫಲಕ ಬೇಕು. ಪೇಂಟರ್ ನಾಳೆ ಬೆಳಿಗ್ಗೆ ಬರ್ತಾರೆ.

ಎಂಜಿನಿಯರ್ ಕೊಟ್ಟ ಇಂಗ್ಲಿಷ್ ಹಾಳೆಯನ್ನು ಕನ್ನಡಕ್ಕೆ ತರುವ ಕೆಲಸ ನನ್ನ ಪಾಲಿಗೆ ಬಂದಿದೆ. ಹಳೆಯ ಕರಪತ್ರಗಳನ್ನು ತೆಗೆದು ನೋಡಿದೆ. ಒಂದರಲ್ಲಿ ಎರಡಕ್ಕೂ ‘ಮಲಗುಂಡಿ’, ಮತ್ತೊಂದರಲ್ಲಿ ಎರಡಕ್ಕೂ ‘ಶೌಚಗುಂಡಿ’. ಊರವರು ಟ್ಯಾಂಕಿಗೂ ‘ಪಿಟ್ಟು’ ಅಂತಾರೆ, ಪಿಟ್ಟಿಗೂ ‘ಪಿಟ್ಟು’ ಅಂತಾರೆ. ಖಾಲಿ ಮಾಡಿಸಬೇಕಾದದ್ದು ಯಾವುದು ಅನ್ನೋದೇ ಓದಿದವರಿಗೆ ತಿಳಿಯದಿದ್ದರೆ ಫಲಕ ಬರೆಸಿ ಏನು ಬಂತು? ಸ್ಲಜ್ (ತಳದಲ್ಲಿ ಕೂರುವುದು), ಸ್ಕಮ್ (ಮೇಲೆ ತೇಲುವುದು), ಬ್ಯಾಫಲ್ (ಟ್ಯಾಂಕಿನ ನಡುವಿನ ತಡೆ) ಇವಕ್ಕೂ ಪದ ಬೇಕು, ಅದು ಕರಪತ್ರಕ್ಕೆ, ಸ್ವಲ್ಪ ತಡವಾದರೂ ನಡೆಯುತ್ತೆ. ಮುಚ್ಚಳದ ಹೆಸರು ಮಾತ್ರ ಇವತ್ತೇ ಹೇಳಿ.

ಮೈಸೂರಿನಿಂದ:

ಮಲಗುಂಡಿ, ಶೌಚಗುಂಡಿ ಎರಡೂ ಅರಿಸಮಾಸ, ಸಂಸ್ಕೃತ ಪದಕ್ಕೆ ಕನ್ನಡ ಪದ ಬೆಸೆದದ್ದು. ಬಿಡಿ. ‘ಮಲಕುಂಡ’ ಎನ್ನಿ, ಇಲ್ಲವೇ ‘ಕೊಳೆಗುಂಡಿ’ ಎನ್ನಿ.

ಬೆಂಗಳೂರಿನಿಂದ:

‘ಗುಂಡಿ’ ಅಂದರೆ ತೋಡಿದ್ದು. ಟ್ಯಾಂಕು ಕಟ್ಟಿದ್ದು. ಅಲ್ಲೇ ಒಂದು ವ್ಯತ್ಯಾಸ ಸಿಕ್ಕಿತು: ಟ್ಯಾಂಕಿಗೆ ತೊಟ್ಟಿ, ಪಿಟ್ಟಿಗೆ ಗುಂಡಿ.

ಇನ್ನು ‘ಸೆಪ್ಟಿಕ್’. ಅದರ ಬೇರು ಗ್ರೀಕ್, ಧಾತುವಿನ ಅರ್ಥ ಕೊಳೆಯುವುದು, ಕೊಳೆಯಿಸುವುದು. ಗಾಯ ಸೆಪ್ಟಿಕ್ ಆದದ್ದನ್ನು ನಾವು ‘ನಂಜಾಯಿತು’ ಅನ್ನುತ್ತೇವೆ. ಅದನ್ನೇ ಹಿಡಿದು ಯಾರಾದರೂ ‘ನಂಜುತೊಟ್ಟಿ’ ಎಂದು ಬರೆಯುವ ಮುಂಚೆಯೇ ಬೇಡ ಅನ್ನುತ್ತಿದ್ದೇನೆ. ತೊಟ್ಟಿಯೊಳಗೆ ನಡೆಯುವುದು ಕೊಳೆಯುವ ಕೆಲಸ. ಗಾಳಿ ಬೇಡದ ಸೂಕ್ಷ್ಮಜೀವಿಗಳು ಮಲವನ್ನು ಕೊಳೆಯಿಸಿ ಕರಗಿಸುತ್ತವೆ. ಭಾರದ್ದು ತಳಕ್ಕೆ ಇಳಿಯುತ್ತೆ, ಎಣ್ಣೆ, ಸೋಪಿನ ಜಿಡ್ಡು ಮೇಲೆ ತೇಲುತ್ತೆ, ನಡುವಿನ ನೀರು ಮಾತ್ರ ‘T’ ಆಕಾರದ ಪೈಪಿನಿಂದ ಹೊರಗೆ ಹೋಗುತ್ತೆ. ಆ ಜೀವಿಗಳು ಸತ್ತರೆ ಟ್ಯಾಂಕು ಬರೀ ಮಲ ತುಂಬಿಟ್ಟ ಪೆಟ್ಟಿಗೆ. ‘ನಂಜು’ ಅಂತ ಬರೆದಿರೋ, ನಂಜು ಕೊಲ್ಲಬೇಕು ಅಂತ ಜನ ಫಿನಾಯಿಲ್, ಆಸಿಡ್ ತಂದು ಸುರಿಯುತ್ತಾರೆ. ಈಗಲೇ ಸುರಿಯುವವರು ಕಡಿಮೆ ಇಲ್ಲ.

‘ಕೊಳೆ’ ನಾಮಪದವೂ ಹೌದು, ಧಾತುವೂ ಹೌದು. ಗ್ರೀಕಿನ ಅರ್ಥ ಕನ್ನಡದಲ್ಲಿ ಇಷ್ಟು ನೇರವಾಗಿ ಸಿಗುವಾಗ ಬೇರೆ ಯಾಕೆ? ನನ್ನ ಮತ ‘ಕೊಳೆತೊಟ್ಟಿ’.

ಮೈಸೂರಿನಿಂದ:

ಆದೇಶಸಂಧಿ? ಎರಡನೇ ಪದದ ಮೊದಲ ‘ತ’ ‘ದ’ ಆಗಬೇಕಲ್ಲ: ಬೆಟ್ಟದಾವರೆ, ಹುಲಿದೊಗಲು. ಹಾಗೆಯೇ ‘ಕೊಳೆದೊಟ್ಟಿ’.

ಬೆಂಗಳೂರಿನಿಂದ:

ಮಳೆಕೊಯ್ಲು, ಮನೆಕೆಲಸ, ತಲೆಕೂದಲು. ಇವತ್ತಿನ ಕನ್ನಡ ಆದೇಶವನ್ನು ಎಲ್ಲ ಕಡೆ ಎಳೆದು ತರಲ್ಲ. ‘ಮಳೆಗೊಯ್ಲು’ ಅಂತ ಯಾರಾದರೂ ಬರೆದದ್ದು ನೋಡಿದ್ದೀರಾ? ‘ಕೊಳೆದೊಟ್ಟಿ’ ಅಂತ ಬರೆದರೆ ರಾಮನಗರದ ಕಡೆಯವರು ಊರ ಹೆಸರಿನ ‘ದೊಡ್ಡಿ’ಯ ಕಾಗುಣಿತ ತಪ್ಪಾಗಿದೆ ಅಂದುಕೊಳ್ಳುತ್ತಾರೆ.

ನ್ಯೂಜೆರ್ಸಿಯಿಂದ:

ನಾವಿರುವ ಕಡೆ ಊರಿಗೆ ಒಳಚರಂಡಿ ಇಲ್ಲ, ಮನೆಮನೆಗೂ ಸೆಪ್ಟಿಕ್. ಅಮೆರಿಕದ ಪರಿಸರ ಸಂರಕ್ಷಣಾ ಸಂಸ್ಥೆ ಸಾಮಾನ್ಯವಾಗಿ 3ರಿಂದ 5 ವರ್ಷಕ್ಕೊಮ್ಮೆ ಟ್ಯಾಂಕು ಖಾಲಿ ಮಾಡಿಸಿ ಅನ್ನುತ್ತೆ. ಇಲ್ಲಿ ಗುಂಡಿ ತೋಡುವುದಕ್ಕಿಂತ ಹೆಚ್ಚಾಗಿ, ಹಿತ್ತಲ ಹುಲ್ಲಿನ ಕೆಳಗೆ ತೂತಿನ ಪೈಪುಗಳನ್ನು ಸಾಲಾಗಿ ಹಾಸಿ ನೀರನ್ನು ಇಂಗಿಸುತ್ತಾರೆ. ಮಕ್ಕಳಿಗೆ ಹೇಳುವಾಗ ಅದನ್ನು ‘ಇಂಗುಬಯಲು’ ಅನ್ನುತ್ತೇನೆ, ಅದರ ಮೇಲೆ ಕಾರು ನಿಲ್ಲಿಸಬಾರದು, ಮರ ನೆಡಬಾರದು. ಅದೇ ದಾರಿಯಲ್ಲಿ ಸೋಕ್ ಪಿಟ್ಟಿಗೆ ‘ಇಂಗುಗುಂಡಿ’ ಅಂದರೆ ಚಿಕ್ಕದಾಗಿಯೂ ಇದೆ, ಅಚ್ಚಗನ್ನಡವೂ ಹೌದು.

ಪುತ್ತೂರಿನಿಂದ:

ಇಂಗುಗುಂಡಿ ದಯವಿಟ್ಟು ಬೇಡ. ನಾನು ಮನೆ ಕಟ್ಟಿಸಿಕೊಡುವ ಕೆಲಸದವ, ಈ ಹೆಸರಿನಿಂದ ಆಗುವ ಅನಾಹುತವನ್ನು ಕಣ್ಣಾರೆ ಕಂಡವ.

ಆ ಹೆಸರು ಈಗಾಗಲೇ ಮಳೆನೀರಿಗೆ ಸಂದಿದೆ. ನೀರಿಂಗಿಸುವ ಬಗ್ಗೆ ಪತ್ರಿಕೆಗಳು ವರ್ಷಗಟ್ಟಲೆ ಬರೆದು ಬರೆದು, ಇಂಗುಗುಂಡಿ ಅಂದರೆ ಒಳ್ಳೆಯ ನೀರನ್ನು ಭೂಮಿಗೆ ಕೊಡುವ ಪುಣ್ಯದ ಕೆಲಸ ಎಂದು ಜನರ ಮನಸ್ಸಿನಲ್ಲಿ ಕೂತಿದೆ. ಬಾವಿಯ ಹತ್ತಿರ ತೋಡಿದಷ್ಟೂ ಒಳ್ಳೆಯದು ಎಂದೂ ಕೂತಿದೆ. ನಮ್ಮ ಕಡೆಯ ಒಂದು ಮನೆಯ ನಕ್ಷೆಯಲ್ಲಿ ಸೋಕ್ ಪಿಟ್ಟಿಗೆ ‘ಇಂಗುಗುಂಡಿ’ ಎಂದು ಬರೆದಿತ್ತು. ಮನೆಯವರು ಅದನ್ನು ಓದಿ ತಾರಸಿಯ ಮಳೆನೀರಿನ ಪೈಪನ್ನೂ ಅದಕ್ಕೇ ಕೊಟ್ಟರು. ಆಟಿಯ ಮಳೆ ಹಿಡಿದಾಗ ಗುಂಡಿ ತುಂಬಿತು. ಟ್ಯಾಂಕಿನ ನೀರಿಗೆ ಹೋಗಲು ಜಾಗ ಇಲ್ಲ, ಹಿಂದಕ್ಕೆ ಬಂದು ಕಕ್ಕಸಿನ ಬೇಸಿನ್ನಿನಲ್ಲಿ ನಿಂತಿತು. ಅದಾದರೂ ಕಣ್ಣಿಗೆ ಕಾಣುತ್ತದೆ. ಕಾಣದ್ದು ಬಾವಿಯ ಕಥೆ. ಮುರಕಲ್ಲಿನ ನೆಲದಲ್ಲಿ ಬಿರುಕು, ತೂತು ತುಂಬ, ಹೊಲಸು ನೀರು ಮಣ್ಣಿನಲ್ಲಿ ಸೋಸಿಕೊಳ್ಳುವ ಮೊದಲೇ ಬಾವಿ ಸೇರುತ್ತದೆ. ಮಳೆಗಾಲದಲ್ಲಿ ನೆಲದ ನೀರು ಮೇಲಕ್ಕೆ ಬಂದಾಗಂತೂ ಕೇಳುವುದೇ ಬೇಡ. ಭಾರತೀಯ ಮಾನಕ ಐಎಸ್ 2470ರ ಎರಡನೇ ಭಾಗ ಓದಿ: ಸೆಪ್ಟಿಕ್ ಟ್ಯಾಂಕಿನ ನೀರನ್ನು ಮಣ್ಣಿಗೆ ಬಿಡುವ ಜಾಗ ಕುಡಿಯುವ ನೀರಿನ ಬಾವಿಯಿಂದ ಕನಿಷ್ಠ 18 ಮೀಟರ್ ದೂರ ಇರಬೇಕು. ಮಳೆಯ ಇಂಗುಗುಂಡಿಗೂ ಇದಕ್ಕೂ ಒಂದೇ ಹೆಸರು ಇಟ್ಟರೆ ಈ 18 ಮೀಟರ್ ಯಾರ ತಲೆಗೂ ಹೋಗುವುದಿಲ್ಲ.

‘ಬಚ್ಚಲುಗುಂಡಿ’ಯೂ ಆಗುವುದಿಲ್ಲ. ಉದ್ಯೋಗ ಖಾತ್ರಿಯಲ್ಲಿ ಸ್ನಾನದ, ಪಾತ್ರೆ ತೊಳೆದ ನೀರಿಗೆ ಮಾಡಿಸುವ ಗುಂಡಿಗೆ ಆ ಹೆಸರು ಗಟ್ಟಿಯಾಗಿದೆ.

ಧಾರವಾಡದಿಂದ:

ಇಷ್ಟೆಲ್ಲಾ ಯಾಕ್ರೀ? ‘ಸೆಪ್ಟಿಕ್ ಟ್ಯಾಂಕ್’ ಅಂತನ ಬರೀರಿ. ಬೀದರದಿಂದ ಚಾಮರಾಜನಗರದ ತನಕ ತಿಳೀತೈತಿ. ನೀವು ಮೋರಿ ಅಂತೀರಿ, ನಮ್ಮ ಕಡೆ ಗಟಾರ. ನೀವು ಕಕ್ಕಸು ಅಂತೀರಿ, ನಮ್ಮ ಕಡೆ ಸಂಡಾಸ. ‘ಕೊಳೆತೊಟ್ಟಿ’ ಅಂದ್ರ ನಮ್ಮ ಹಳ್ಳ್ಯಾಗ ಕಸದ ಡಬ್ಬಿ ಅಂತ ತಿಳ್ಕೊಂಡು ಬಾಳೆಹಣ್ಣಿನ ಸಿಪ್ಪಿ ಒಗೀತಾರ.

ಹಾಸನದಿಂದ:

ಇಂಗ್ಲಿಷನ್ನು ಕನ್ನಡ ಅಕ್ಷರದಲ್ಲಿ ಬರೆದರೆ ಅದು ಕನ್ನಡ ಆಗಲ್ಲ. ಈ ಸೋಮಾರಿತನದಿಂದಲೇ ಅಂಗಡಿ ಬೋರ್ಡು, ಬಸ್ಸಿನ ಬೋರ್ಡು ಎಲ್ಲ ಹೀಗಾಗಿರುವುದು. ಶಾಲೆಯ ಗೋಡೆ ಮೇಲೆ ಬರೆಯುತ್ತಿದ್ದೀರಿ, ಮಕ್ಕಳು ಓದುತ್ತಾರೆ. ಅಲ್ಲೂ ಕನ್ನಡ ಪದ ಇಡದಿದ್ದರೆ ಎಲ್ಲಿ ಇಡುತ್ತೀರಿ? ಕೊಳೆತೊಟ್ಟಿ, ಇಂಗುಗುಂಡಿ ಎರಡೂ ಚೆನ್ನಾಗಿವೆ. ಬಳಸುತ್ತ ಬಳಸುತ್ತ ಜನಕ್ಕೆ ತಿಳಿಯುತ್ತೆ. ‘ಮಳೆಕೊಯ್ಲು’ ಮೊದಲು ಯಾರಿಗೆ ಗೊತ್ತಿತ್ತು?

ಧಾರವಾಡದಿಂದ:

ಪಾಯಖಾನೆ ಫಾರಸಿ. ಕಕ್ಕಸು ಡಚ್ಚರ ‘ಕಾಕ್‌ಹೌಸ್’ನಿಂದ ಬಂದದ್ದು ಅಂತಾರ. ಶೌಚಾಲಯ ಸಂಸ್ಕೃತ. ಇವು ಮೂರೂ ನಿಮ್ಮ ಮನ್ಯಾಗ ನಡೀತಾವು, ಟ್ಯಾಂಕ್ ಒಂದಕ್ಕ ಮಡಿ. ಆ ‘ಟ್ಯಾಂಕ್’ ಆದರೂ ಇಂಗ್ಲಿಷಿನವರು ಇಲ್ಲಿಂದ ಒಯ್ದದ್ದು. ಗುಜರಾತಿ, ಮರಾಠಿ ಕಡೆ ನೀರಿನ ಹೌದಕ್ಕ ‘ಟಾಂಕಿ’, ‘ಟಾಂಕೆ’ ಅಂತಾರ, ಅದಕ್ಕ ಪೋರ್ಚುಗೀಸರ ಪದಾನೂ ಕೂಡಿಕೊಂಡು ಇಂಗ್ಲಿಷಿಗೆ ಹೋತು ಅಂತ ಅವರ ನಿಘಂಟುಗಳೇ ಹೇಳತಾವು. ನಮ್ಮ ಕಡೆ ಇವತ್ತಿಗೂ ‘ಟಾಕಿ’ ಅಂತೀವಿ.

ಹಾಸನದಿಂದ:

ಗುಜರಾತಿಯಿಂದ ಬಂದರೂ ಕನ್ನಡವಲ್ಲ. ಚರ್ಚೆ ತಿರುಗಿಸಬೇಡಿ.

ಕೋಲಾರದಿಂದ:

ಪೌರಕಾರ್ಮಿಕರ ಜೊತೆ ಕೆಲಸ ಮಾಡುವವನು ನಾನು. ಬೆಳಗಿನಿಂದ ಓದುತ್ತಿದ್ದೇನೆ, ಎಲ್ಲರೂ ಹೆಸರಿನ ಬೇರು ಅಗೆಯುತ್ತಿದ್ದೀರಿ, ಫಲಕದ ಕ್ರಿಯಾಪದದ ಬಗ್ಗೆ ಒಬ್ಬರೂ ಕೇಳಲಿಲ್ಲ.

ತಿಪಟೂರಿನವರೇ, ನಿಮ್ಮ ಇಂಗ್ಲಿಷ್ ಹಾಳೆಯಲ್ಲಿ ‘ಕ್ಲೀನ್’ ಅಂತ ಇರುತ್ತೆ, ಅದನ್ನು ‘ಸ್ವಚ್ಛಗೊಳಿಸಿ’ ಅಂತ ಬರೆಯಬೇಡಿ. ಸ್ವಚ್ಛ ಮಾಡುವುದು ಅಂದರೆ ಉಜ್ಜಿ ತೊಳೆಯುವುದು, ಉಜ್ಜಬೇಕಾದರೆ ಯಾರಾದರೂ ಒಳಗೆ ಇಳಿಯಬೇಕು. ಆ ಒಂದು ಮಾತು ಓದಿ ಯಜಮಾನರು ಬಕೆಟ್ಟು, ಹಗ್ಗ ಕೊಟ್ಟು ಒಬ್ಬನನ್ನು ಇಳಿಸುತ್ತಾರೆ. ಯಾರನ್ನು ಇಳಿಸುತ್ತಾರೆ, ಯಾವ ಕೇರಿಯಿಂದ ಕರೆಸುತ್ತಾರೆ ಅಂತ ನಾನು ಬಿಡಿಸಿ ಹೇಳಬೇಕಾಗಿಲ್ಲ. ಟ್ಯಾಂಕಿನಲ್ಲಿ ಉಜ್ಜುವಂಥದ್ದು ಏನೂ ಇಲ್ಲ. ಪೈಪು ಇಳಿಸಿ ಹೀರಿ ತೆಗೆಯಬೇಕು, ಅಷ್ಟೇ. ಆದ್ದರಿಂದ ‘ಖಾಲಿ ಮಾಡಿಸಿ’, ಅದರ ಹಿಂದೆ ‘ಸಕ್ಕಿಂಗ್ ಗಾಡಿಯಿಂದ’ ಅಂತ ಸೇರಿಸಿ.

ಮಲ ಹೊರುವ ಪದ್ಧತಿಯನ್ನು ನಿಷೇಧಿಸುವ 2013ರ ಕಾಯ್ದೆಯ ಪ್ರಕಾರ ಸುರಕ್ಷತೆಯ ಸಾಧನ ಕೊಡದೆ ಸೆಪ್ಟಿಕ್ ಟ್ಯಾಂಕಿಗೆ ಮನುಷ್ಯರನ್ನು ಇಳಿಸುವುದು ಅಪರಾಧ. ಮೊದಲ ಸಲಕ್ಕೇ 2 ವರ್ಷದವರೆಗೆ ಜೈಲು, ಇಲ್ಲವೇ 2 ಲಕ್ಷದವರೆಗೆ ದಂಡ, ಇಲ್ಲವೇ ಎರಡೂ. ಹೀಗೆ ಸತ್ತವರ ಮನೆಯವರಿಗೆ ಕೊಡುವ ಪರಿಹಾರವನ್ನು ಸುಪ್ರೀಂ ಕೋರ್ಟ್ 2023ರ ಅಕ್ಟೋಬರಿನಲ್ಲಿ 10 ಲಕ್ಷದಿಂದ 30 ಲಕ್ಷಕ್ಕೆ ಏರಿಸಿತು. ಏರಿಸಬೇಕಾಗಿ ಬಂತು ಅಂದರೆ ಸಾವು ನಿಂತಿಲ್ಲ ಅಂತ ಅರ್ಥ. ಒಳಗಿನ ಗಾಳಿಗೆ ಕೊಳೆತ ಮೊಟ್ಟೆಯ ವಾಸನೆ ಇರುತ್ತೆ, ಆದರೆ ಅದು ಹೆಚ್ಚಾದಾಗ ಮೂಗು ಸತ್ತುಹೋಗಿ ವಾಸನೆಯೇ ತಿಳಿಯಲ್ಲ. ಮೊದಲನೆಯವನು ಬಿದ್ದ ಅಂತ ಎತ್ತಲು ಇಳಿದವನೂ ಅಲ್ಲೇ ಉಳಿಯುತ್ತಾನೆ.

ಇನ್ನೊಂದು ಮಾತು. ‘ಮಲ’ ಅನ್ನುವ ಪದವನ್ನು ತೆಗೆದು ಕೊಳೆ, ತ್ಯಾಜ್ಯ ಅಂತ ಮೃದು ಮಾಡಬೇಡಿ. ತಲೆಯ ಮೇಲೆ ಮಲ ಹೊರುವುದನ್ನು ಬಸವಲಿಂಗಪ್ಪನವರು ಸಚಿವರಾಗಿದ್ದಾಗ 1970ರ ದಶಕದಲ್ಲೇ ನಿಷೇಧಿಸಿದರು. ಆದರೂ 2010ರಲ್ಲಿ, ಮಲ ಎತ್ತುವ ಕೆಲಸ ಮಾಡುತ್ತಿದ್ದ ಸವಣೂರಿನ ಭಂಗಿ ಸಮುದಾಯದವರು ತಮ್ಮನ್ನು ಒಕ್ಕಲೆಬ್ಬಿಸುತ್ತಾರೆ ಎಂದಾಗ ಮೈಮೇಲೆ ಮಲ ಸುರಿದುಕೊಂಡು ಪ್ರತಿಭಟಿಸಿದರು. ಅವರಿಗೆ ಅದು ಮಲವೇ. ಫಲಕದ ಮೇಲೂ ಮಲ ಅಂತಲೇ ಇರಲಿ.

ಮೈಸೂರಿನಿಂದ:

ಕೋಲಾರದವರ ಕ್ರಿಯಾಪದ ಸರಿ. ‘ಮಲ’ ಇರಲೇಬೇಕಾದರೆ ‘ಮಲದ ತೊಟ್ಟಿ’ ಎಂದು ಬರೆಯಿರಿ. ವಿಭಕ್ತಿ ಉಳಿದರೆ ಸಮಾಸವೇ ಅಲ್ಲ, ಅರಿಸಮಾಸದ ಪ್ರಶ್ನೆಯೂ ಇಲ್ಲ. ಹಳಗನ್ನಡದ ವ್ಯಾಕರಣಕಾರ ಕೇಶಿರಾಜ ಬಿರುದಾವಳಿಗೂ ಹಿಂದಿನ ಕವಿಗಳ ಪ್ರಯೋಗಕ್ಕೂ ವಿನಾಯಿತಿ ಕೊಟ್ಟಿದ್ದಾನೆ ಎಂದು ಯಾರೂ ಹೇಳಬೇಡಿ. ಇದು ಬಿರುದಲ್ಲ.

ಬೆಂಗಳೂರಿನಿಂದ:

ಕೊಳೆತೊಟ್ಟಿಯನ್ನು ನಾನು ಈಗಲೂ ಬಿಟ್ಟುಕೊಡಲ್ಲ, ಲೇಖನಕ್ಕೆ, ಪಠ್ಯಕ್ಕೆ ಅದೇ ಸರಿ. ಮುಚ್ಚಳಕ್ಕೆ ‘ಮಲದ ತೊಟ್ಟಿ’ ಒಪ್ಪುತ್ತೇನೆ. ಆದರೆ ತೊಟ್ಟಿ ಅಂದರೆ ನಮ್ಮ ಕಿವಿಗೆ ಬಾಯಿ ತೆರೆದದ್ದು: ನೀರಿನ ತೊಟ್ಟಿ, ದನದ ತೊಟ್ಟಿ. ಮುಚ್ಚಿದ್ದಕ್ಕೆ ಹೇಗೆ ಹೊಂದುತ್ತೆ?

ತಿಪಟೂರಿನಿಂದ:

ಅದಕ್ಕೇ ಎರಡನ್ನೂ ಜೊತೆಗೆ ಇಡುತ್ತೇನೆ. ಹಾಸನದವರು ಕೋಪ ಮಾಡಿಕೊಳ್ಳಬೇಡಿ, ಪಂಚಾಯ್ತಿಯವರು ‘ಸೆಪ್ಟಿಕ್ ಟ್ಯಾಂಕ್’ ಇಲ್ಲದೆ ಸಹಿ ಹಾಕಲ್ಲ. ಪೇಂಟರಿಗೆ ಕೊಡುವ ಒಕ್ಕಣೆ ಹೀಗಿದೆ.

ಮೊದಲ ಮುಚ್ಚಳ: ‘ಸೆಪ್ಟಿಕ್ ಟ್ಯಾಂಕ್: ಮಲದ ತೊಟ್ಟಿ’.
ಎರಡನೇ ಮುಚ್ಚಳ: ‘ಟ್ಯಾಂಕಿನ ನೀರು ಇಂಗುವ ಗುಂಡಿ. ಮಳೆನೀರು ಬಿಡಬೇಡಿ’.
ಗೋಡೆ: ‘ಒಳಗೆ ವಿಷಗಾಳಿ ಇದೆ. ಯಾರೂ ಇಳಿಯಬಾರದು, ಯಾರನ್ನೂ ಇಳಿಸಬಾರದು. ಮಲದ ತೊಟ್ಟಿ ತುಂಬುವ ಮೊದಲೇ ಸಕ್ಕಿಂಗ್ ಗಾಡಿಯಿಂದ ಖಾಲಿ ಮಾಡಿಸಿ. ಫಿನಾಯಿಲ್, ಆಸಿಡ್ ಸುರಿಯಬೇಡಿ.’ ಕೆಳಗೆ ಪಂಚಾಯ್ತಿಯ ಫೋನ್ ನಂಬರು.

ಕೋಲಾರದಿಂದ:

‘ಇಳಿಸಬಾರದು’ ದಪ್ಪಕ್ಷರದಲ್ಲಿ ಬರಲಿ. ಜೊತೆಗೆ ಒಂದು ಚಿತ್ರವನ್ನೂ ಬರೆಸಿ, ಮುಚ್ಚಳ ತೆಗೆಯುವವರಿಗೆಲ್ಲ ಕನ್ನಡ ಓದಲು ಬರಲ್ಲ.

ಹಾಸನದಿಂದ:

ಶಾಲೆಯ ಗೋಡೆಗೆ ಮತ್ತೊಂದು ಇಂಗ್ಲಿಷ್ ಪದ ಸೇರಿತು. ನನ್ನ ವಿರೋಧ ಇಲ್ಲಿ ದಾಖಲಾಗಿರಲಿ.

ತಿಪಟೂರಿನಿಂದ:

ಫಲಕ ಬರೆದಾಯಿತು, ‘ಇಳಿಸಬಾರದು’ ಕೆಂಪಿನಲ್ಲಿದೆ, ಚಿತ್ರವೂ ಇದೆ. ಈಗ ಕರಪತ್ರಕ್ಕೆ ಸ್ಲಜ್, ಸ್ಕಮ್, ಬ್ಯಾಫಲ್. ಇಲಾಖೆಯವರ ಕಾಗದದಲ್ಲಿ ಟ್ಯಾಂಕಿನಿಂದ ತೆಗೆದದ್ದಕ್ಕೆಲ್ಲ ‘ಮಲತ್ಯಾಜ್ಯ’ ಅಂತಿದೆ. ತಳದಲ್ಲಿ ಕೂತದ್ದನ್ನು ಬೇರೆಯಾಗಿ ಹೇಳಬೇಕು, ಅದು ಎಷ್ಟು ಎತ್ತರ ಬಂದಿದೆ ಅಂತ ಕೋಲು ಇಳಿಸಿ ನೋಡುವುದನ್ನು ವಿವರಿಸಬೇಕು. ‘ಹೂಳು’ ಆಗುತ್ತಾ?

ಪುತ್ತೂರಿನಿಂದ:

ಹೂಳು ಕೆರೆಯದ್ದು, ಹೊರಗಿನಿಂದ ಬಂದು ಕೂತ ಮಣ್ಣು. ಗೋಬರ್ ಗ್ಯಾಸಿನಿಂದ ಹೊರಬೀಳುವುದಕ್ಕೆ ‘ಬಗ್ಗಡ’ ಎನ್ನುವುದು ಕೃಷಿಕರಲ್ಲಿ ಮೊದಲೇ ಉಂಟು. ಇಲ್ಲಿ ನಡೆಯುವುದೂ ಅದೇ ಕೆಲಸ, ಗಾಳಿಯಿಲ್ಲದೆ ಕೊಳೆಯುವುದು. ಆದರೆ ಸೆಗಣಿಯ ಬಗ್ಗಡದ ಹಾಗೆ ಇದನ್ನು ನೇರ ತೋಟಕ್ಕೆ ಬಿಡಬಾರದು ಎಂದು ಕರಪತ್ರದಲ್ಲಿ ಬರೆಯಲೇಬೇಕು, ಇದರಲ್ಲಿ ಜಂತುಹುಳದ ಮೊಟ್ಟೆ, ರೋಗಾಣು ಉಳಿದಿರುತ್ತವೆ. ದೇವನಹಳ್ಳಿಯಲ್ಲಿ 2015ರಿಂದ ಇದಕ್ಕೆಂದೇ ಸಂಸ್ಕರಣಾ ಘಟಕ ಇದೆ. ಸಕ್ಕಿಂಗ್ ಗಾಡಿಗಳು ತಂದದ್ದನ್ನು ಅಲ್ಲಿ ಕೊಳೆಯಿಸಿ, ಒಣಗಿಸಿ, ಆಮೇಲೆ ಗೊಬ್ಬರ ಮಾಡುತ್ತಾರೆ. ‘ಮಲದ ಬಗ್ಗಡ’ ಎಂದು ಪೂರ್ತಿಯಾಗಿ ಬರೆದರೆ ಸೆಗಣಿಯದ್ದರ ಜೊತೆ ಕಲಸಿಹೋಗುವುದಿಲ್ಲ.

ಸ್ಕಮ್ಮಿಗೆ ‘ಕೆನೆ’ ಎಂದು ಒಂದು ಕಡೆ ಓದಿದ್ದೇನೆ. ಹಾಲಿನ ಪದವನ್ನು ಅಲ್ಲಿಗೆ ಒಯ್ಯಬೇಡಿ. ‘ತೇಲುಜಿಡ್ಡು’ ಸಾಕು.

ಮೈಸೂರಿನಿಂದ:

ಬಗ್ಗಡ ಸರಿ, ತೇಲುಜಿಡ್ಡು ಸರಿ. ಬ್ಯಾಫಲ್ಲನ್ನು ನೀವೇ ಮೊದಲ ಪತ್ರದಲ್ಲಿ ‘ಅಡ್ಡಗೋಡೆ’ ಎಂದಿದ್ದೀರಿ. ಹಾಗೇ ಬಿಡಿ.