ನಾಲ್ಕು ತಿಂಗಳ ಮೇಲೆ ಮೇಲ್ಮನವಿ: ತಡೆಯಾಜ್ಞೆಯ ತುರ್ತು ಉಳಿದೀತೇ?

ಸಿಂಧನೂರಿನ ರೈತ: ನಮ್ಮ ಹೊಲದ ಬಂಡಿದಾರಿಯ ಮೇಲೆ ಪಕ್ಕದವರು ಗೋದಾಮಿಗೆ ಬುನಾದಿ ತೋಡಿದಾಗ ದಾವೆ ಹೂಡಿ ಮಧ್ಯಂತರ ತಡೆಯಾಜ್ಞೆ ಕೇಳಿದ್ದೆವು. ಅರ್ಜಿ ವಜಾ ಆಯಿತು. ಭತ್ತದ ಕೊಯ್ಲು, ಮನೆಯಲ್ಲಿ ಕಾಯಿಲೆ ಎಂದು ನಾಲ್ಕು ತಿಂಗಳು ಕಳೆದಿವೆ. ಈಗ ಮೇಲ್ಮನವಿ ಸಲ್ಲಿಸಿದರೆ ಪ್ರಯೋಜನವಿದೆಯೇ?

ರಾಯಚೂರಿನ ವಕೀಲ: ಸಿವಿಲ್ ಪ್ರಕ್ರಿಯಾ ಸಂಹಿತೆಯ 43ನೇ ಆದೇಶ (ಸಂಹಿತೆಯ ನಿಯಮಗಳ ಒಂದು ಅಧ್ಯಾಯ) ಇದಕ್ಕೆ ಅವಕಾಶ ಕೊಡುತ್ತದೆ. ಕಾಲಮಿತಿ ಗೊತ್ತುಮಾಡುವ 1963ರ ಲಿಮಿಟೇಶನ್ ಕಾಯ್ದೆಯಂತೆ ಮೇಲ್ಮನವಿ ಸಲ್ಲಿಸಲು ಹೈಕೋರ್ಟಿಗಾದರೆ 90 ದಿನ, ಇತರ ನ್ಯಾಯಾಲಯಗಳಿಗೆ 30 ದಿನ. ಆದೇಶದ ದೃಢೀಕೃತ ನಕಲು ಪಡೆಯಲು ಹಿಡಿದ ದಿನಗಳನ್ನು ಬಿಟ್ಟು ಲೆಕ್ಕ ಹಾಕುತ್ತಾರೆ. ಮಿಕ್ಕ ವಿಳಂಬಕ್ಕೆ ಅದೇ ಕಾಯ್ದೆಯ 5ನೇ ಕಲಮಿನಡಿ ಸಕಾರಣ ತೋರಿಸಿ ಮನ್ನಾ ಕೇಳಬಹುದು. 1987ರ ಕಾತಿಜಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇಂಥ ಅರ್ಜಿಗಳನ್ನು ಉದಾರವಾಗಿ ನೋಡಬೇಕೆಂದಿರುವುದರಿಂದ ಧೈರ್ಯಗೆಡಬೇಕಾಗಿಲ್ಲ.

ಗಂಗಾವತಿಯ ನಿವೃತ್ತ ಶಿರಸ್ತೇದಾರ: ವಕೀಲ ಸಾಹೇಬರೇ, ಮನ್ನಾ ಸಿಕ್ಕರೆ ಹೊಸ್ತಿಲು ದಾಟಿದಂತಾಗುತ್ತದೆಯೇ ಹೊರತು ತಡೆಯಾಜ್ಞೆ ಸಿಕ್ಕಂತಲ್ಲ. ಸರಿಪಡಿಸಲಾಗದ ಹಾನಿಯಾಗುತ್ತದೆಂದು ಪ್ರಮಾಣಪತ್ರ (ಅಫಿಡವಿಟ್) ಸಲ್ಲಿಸಿದವರು ನಾಲ್ಕು ತಿಂಗಳು ಸುಮ್ಮನಿದ್ದು, ಅಷ್ಟರಲ್ಲಿ ಎದುರಿನವರು ಸಾಲ ತಂದು ಗೋಡೆ ಎಬ್ಬಿಸಿದ್ದರೆ, ಅನುಕೂಲ ಅನನುಕೂಲಗಳ ತಕ್ಕಡಿ ಯಾವ ಕಡೆ ವಾಲೀತೆಂಬುದನ್ನು ನೀವೇ ಹೇಳಿ. ಮೇಲಾಗಿ, ಕೆಳ ನ್ಯಾಯಾಲಯ ವಿವೇಚನೆಯಿಂದ ಕೊಟ್ಟ ಆದೇಶವನ್ನು ಅದು ಮನಬಂದಂತೆ ಅಥವಾ ಕಾನೂನಿಗೆ ವಿರುದ್ಧವಾಗಿ ಇದ್ದರಷ್ಟೇ ಮೇಲಿನ ನ್ಯಾಯಾಲಯ ಬದಲಿಸಬೇಕೆಂದು ಸುಪ್ರೀಂ ಕೋರ್ಟಿನ 1990ರ ವಾಂಡರ್ ತೀರ್ಪು ಹೇಳಿದೆ. ಅಂದಹಾಗೆ, ನಕಲಿನ ದಿನಗಳ ಲೆಕ್ಕ ಶುರುವಾಗುವುದು ನಕಲಿಗೆ ಅರ್ಜಿ ಹಾಕಿದ ದಿನದಿಂದ. ಅರ್ಜಿಯನ್ನೇ ತಿಂಗಳು ಬಿಟ್ಟು ಹಾಕಿ, ಆ ತಿಂಗಳನ್ನೂ ಲೆಕ್ಕದಿಂದ ಬಿಡುತ್ತಾರೆಂದು ನಂಬಿದವರನ್ನು ನಾನು ಬೇಕಾದಷ್ಟು ನೋಡಿದ್ದೇನೆ.

ಬಳ್ಳಾರಿಯ ಕಾನೂನು ವಿದ್ಯಾರ್ಥಿನಿ: ಹಿರಿಯರೇ, ದಾವೆ ಬಾಕಿ ಇರುವುದು ತಿಳಿದೂ ಕಟ್ಟಿದವರಿಗೆ ಆ ಗೋಡೆಯೇ ಸಮರ್ಥನೆಯಾಗಬೇಕೇ? ಹಾಗಾದರೆ ಬೇಗ ಕಟ್ಟಿದವನೇ ಗೆದ್ದಂತೆ.

ನಿವೃತ್ತ ಶಿರಸ್ತೇದಾರ: ನಿಮ್ಮ ಮಾತು ಅಂತಿಮ ತೀರ್ಪಿಗೆ ಸರಿಯಾಗಿ ಹೊಂದುತ್ತದೆ, ತಾಯಿ. ಮಧ್ಯಂತರ ಹಂತದಲ್ಲಿ ಕಟ್ಟದಂತೆ ತಡೆಯುವುದು ಒಂದು, ಕಟ್ಟಿದ್ದನ್ನು ಕೆಡವಿಸುವುದು ಇನ್ನೊಂದು. ಎರಡನೆಯದಕ್ಕೆ ಮೇಲ್ನೋಟಕ್ಕೆ ಹಕ್ಕಿದೆಯೆಂದು ಕಾಣುವ ಪ್ರಕರಣ ಸಾಲದು, ಅದಕ್ಕಿಂತ ಬಲವಾದ ಆಧಾರ ಬೇಕೆಂದು ದೊರಾಬ್ ಕಾವಸ್ಜಿ ವಾರ್ಡನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ವಿಳಂಬದಿಂದ ಆಗುವ ನಿಜವಾದ ನಷ್ಟ ಇದು: ಕೇಳಬೇಕಾದ ಪರಿಹಾರವೇ ಬದಲಾಗಿಬಿಡುತ್ತದೆ.

ರಾಯಚೂರಿನ ವಕೀಲ: ಆ ವ್ಯತ್ಯಾಸವನ್ನು ನಾನು ಮೊದಲೇ ಹೇಳಬೇಕಿತ್ತು. ಹಾಗಿದ್ದರೂ ಮೇಲ್ಮನವಿ ವ್ಯರ್ಥವೆನ್ನಲಾರೆ. ಇಡೀ ಕಟ್ಟಡವನ್ನು ಪ್ರಶ್ನಿಸುವ ಬದಲು, ಇನ್ನು ಮುಂದೆ ಕಟ್ಟಬಾರದು, ಉಳಿದಿರುವ ದಾರಿಗೆ ಅಡ್ಡಿ ಮಾಡಬಾರದು ಎಂಬಷ್ಟಕ್ಕೆ ಕೋರಿಕೆಯನ್ನು ಇಳಿಸಿದರೆ ತುರ್ತು ಇನ್ನೂ ಇದೆಯೆಂದು ವಾದಿಸಬಹುದು. ಜೊತೆಗೆ ಮೂಲ ದಾವೆಯ ವಿಚಾರಣೆಯನ್ನೇ ಬೇಗ ಮುಗಿಸುವಂತೆ ಕೋರುವುದು ಒಳ್ಳೆಯದು. ಕಾಯಿಲೆಯ ಕಾರಣಕ್ಕೆ ಆಸ್ಪತ್ರೆಯ ಕಾಗದಗಳಿರಲಿ. ಕೊಯ್ಲೊಂದನ್ನೇ ನೆಚ್ಚಿಕೊಂಡರೆ ನ್ಯಾಯಾಲಯ ಒಪ್ಪುವುದು ಕಷ್ಟ. ಗೋಡೆ ಈಗ ಎಲ್ಲಿಯವರೆಗೆ ಬಂದಿದೆ?

ಸಿಂಧನೂರಿನ ರೈತ: ಎದೆಮಟ್ಟಕ್ಕೆ ಬಂದು ನಿಂತಿದೆ, ತಗಡು ಹೊದಿಸಿಲ್ಲ. ಮೂಡಣ ಬದಿಯಲ್ಲಿ ಒಂದು ಬಂಡಿ ಹೋಗುವಷ್ಟು ಜಾಗ ಉಳಿದಿದೆ. ನಕಲಿಗೆ ಅರ್ಜಿ ಹಾಕಿದ ತಾರೀಕನ್ನು ನಾಳೆ ನೋಡಿ ತಿಳಿಸುತ್ತೇನೆ.